ಟಿನ್ ಫ್ಯಾಕ್ಟರಿ: ರೆಫರಲ್ ಚೀಟಿ ಬರೆಯೋದು ಒಂದು ನಿಮಿಷ, ಹಿಡಿದು ಅಲೆಯೋದು ಮೂರು ದಿನ

ಕೆ.ಆರ್.ಪುರ: ಬೆಳಗ್ಗೆ ಟಿನ್ ಫ್ಯಾಕ್ಟರಿ ಸ್ಟಾಪಿನಲ್ಲಿ ಕೋಲಾರ, ಮಾಲೂರು, ಹೊಸಕೋಟೆ ಕಡೆಯ ಬಸ್ಸುಗಳಿಂದ ಇಳಿಯುವವರಲ್ಲಿ ಎರಡು ಥರದ ಜನ ಇರ್ತಾರೆ. ಟಿಫಿನ್ ಬ್ಯಾಗ್ ಹಿಡಿದು ಕೆಲಸಕ್ಕೆ ಹೋಗುವವರು ಒಂದು ಥರ. ಪ್ಲಾಸ್ಟಿಕ್ ಕವರ್ ಹಿಡಿದು ಆಸ್ಪತ್ರೆಗೆ ಹೋಗುವವರು ಇನ್ನೊಂದು ಥರ. ಕವರ್ ಒಳಗೆ ಎಕ್ಸ್‌ರೇ, ರಕ್ತ ಪರೀಕ್ಷೆಯ ರಿಪೋರ್ಟ್, ಆಧಾರ್ ಮತ್ತು ರೇಷನ್ ಕಾರ್ಡಿನ ಜೆರಾಕ್ಸ್. ಎಲ್ಲದರ ಮೇಲೆ ಒಂದು ಚೀಟಿ. ಊರಿನ ಡಾಕ್ಟ್ರು ಬರೆದುಕೊಟ್ಟದ್ದು. ಅದರಲ್ಲಿ ಇರುವುದು ಎರಡೇ ಸಾಲು: ಕಾಯಿಲೆ ಇಂಥದ್ದು, ಹೆಚ್ಚಿನ ಚಿಕಿತ್ಸೆಗೆ ಕಳಿಸಲಾಗಿದೆ.

ಇಲ್ಲಿಂದ ದಾರಿ ಕವಲೊಡೆಯುತ್ತದೆ. ಜಯದೇವ ಕಡೆಗಾದರೆ 500-ಡಿ ಹತ್ತಿ ಸಿಲ್ಕ್ ಬೋರ್ಡ್. ಬೌರಿಂಗ್ ಆದರೆ ಬೆನ್ನಿಗಾನಹಳ್ಳಿ ಸ್ಟೇಷನ್ನಿನಲ್ಲಿ ಮೆಟ್ರೋ. ವಿಕ್ಟೋರಿಯಾ ಆದರೆ ಮೆಜೆಸ್ಟಿಕ್‌ನಲ್ಲಿ ಇಳಿದು ಹಸಿರು ಮಾರ್ಗ. ಇದು ದೂರದ ಊರಿನವರ ಕಥೆ ಮಾತ್ರ ಅಲ್ಲ. ವಿಜಿನಾಪುರ, ಉದಯನಗರ, ಬೆನ್ನಿಗಾನಹಳ್ಳಿ, ಕಸ್ತೂರಿನಗರದವರದ್ದೂ ಇದೇ ಓಡಾಟ.

ದೊಡ್ಡ ಆಸ್ಪತ್ರೆಗಳಲ್ಲಿ ಜನ ಕಿಕ್ಕಿರಿದಾಗ 'ರೋಗಿಗಳು ಜಾಸ್ತಿ ಆಗಿದ್ದಾರೆ' ಅನ್ನುವುದು ಸಾಮಾನ್ಯ ಉತ್ತರ. ಅದು ಅರ್ಧ ಸತ್ಯ. ದೊಡ್ಡಾಸ್ಪತ್ರೆಯ ಕ್ಯೂನಲ್ಲಿ ಕಾಣುವುದು ಬರೀ ಕಾಯಿಲೆಯ ಲೆಕ್ಕ ಅಲ್ಲ. ಕೆಳಗಿನ ಮೆಟ್ಟಿಲಲ್ಲಿ ಏನು ಸಿಗಲಿಲ್ಲವೋ ಅದರ ಲೆಕ್ಕವೂ ಅಲ್ಲೇ ನಿಂತಿರುತ್ತದೆ.

ಕಾಗದದ ಮೇಲೆ ಮೆಟ್ಟಿಲು ಸರಿಯಾಗಿಯೇ ಇದೆ

ಸರ್ಕಾರದ ಲೆಕ್ಕದಲ್ಲಿ ಮೊದಲ ಮೆಟ್ಟಿಲು ನಮ್ಮ ಕ್ಲಿನಿಕ್ ಮತ್ತು ನಗರ ಪ್ರಾಥಮಿಕ ಆರೋಗ್ಯ ಕೇಂದ್ರ. 2013ರಲ್ಲಿ ಶುರುವಾದ ರಾಷ್ಟ್ರೀಯ ನಗರ ಆರೋಗ್ಯ ಅಭಿಯಾನದ ಪ್ರಕಾರ 50 ಸಾವಿರ ಜನಕ್ಕೆ ಒಂದು ನಗರ ಆರೋಗ್ಯ ಕೇಂದ್ರ ಇರಬೇಕು. ಬೆಂಗಳೂರಿಗೆ ಅದು ಸಾಲದು ಅಂತಲೇ ನಮ್ಮ ಕ್ಲಿನಿಕ್ ಬಂತು. 2023ರ ಫೆಬ್ರವರಿ 7ರಂದು ಆಗಿನ ಮುಖ್ಯಮಂತ್ರಿ ಬಸವರಾಜ ಬೊಮ್ಮಾಯಿ ನಗರದಲ್ಲಿ 108 ಕ್ಲಿನಿಕ್‌ಗಳಿಗೆ ಚಾಲನೆ ಕೊಟ್ಟರು. 243 ವಾರ್ಡ್‌ಗೆ 243 ಕ್ಲಿನಿಕ್ ಅನ್ನೋದು ಆಗಿನ ಗುರಿಯಾಗಿತ್ತು. ಒಬ್ಬರು ಎಂಬಿಬಿಎಸ್ ವೈದ್ಯರು, ಒಬ್ಬ ನರ್ಸ್, ಒಬ್ಬ ಲ್ಯಾಬ್ ಟೆಕ್ನಿಷಿಯನ್, ಒಬ್ಬ ಡಿ ಗ್ರೂಪ್ ನೌಕರ. ತಪಾಸಣೆ, ಮಾತ್ರೆ, ಸಾಮಾನ್ಯ ರಕ್ತ ಪರೀಕ್ಷೆ ಎಲ್ಲ ಉಚಿತ.

ಎರಡನೇ ಮೆಟ್ಟಿಲು ಕೆ.ಆರ್.ಪುರದ ಸಾರ್ವಜನಿಕ ಆಸ್ಪತ್ರೆ ಮತ್ತು ಇಂದಿರಾನಗರ 80 ಅಡಿ ರಸ್ತೆಯ ಸರ್ ಸಿ.ವಿ.ರಾಮನ್ ಸಾರ್ವಜನಿಕ ಆಸ್ಪತ್ರೆ. ಮೂರನೆಯದು ಶಿವಾಜಿನಗರದ ಬೌರಿಂಗ್ ಮತ್ತು ಲೇಡಿ ಕರ್ಜನ್, ಹೆರಿಗೆಗೆ ಅಲ್ಲೇ ಘೋಷಾ ಆಸ್ಪತ್ರೆ. ಅದರಾಚೆಗೆ ಒಂದೊಂದು ಅಂಗಕ್ಕೆ ಒಂದೊಂದು: ಹೃದಯಕ್ಕೆ ಜಯದೇವ, ಕ್ಯಾನ್ಸರ್‌ಗೆ ಕಿದ್ವಾಯಿ, ಮೆದುಳು ನರಕ್ಕೆ ನಿಮ್ಹಾನ್ಸ್, ಕಣ್ಣಿಗೆ ಮಿಂಟೋ.

ಜ್ವರ, ಬಿಪಿ, ಶುಗರ್, ಗಾಯದ ಡ್ರೆಸ್ಸಿಂಗ್ ಕೆಳಗೆ ಮುಗಿಯಬೇಕು. ಸ್ಕ್ಯಾನಿಂಗ್, ಸಣ್ಣ ಆಪರೇಷನ್, ಹೆರಿಗೆ ನಡುವೆ ಮುಗಿಯಬೇಕು. ಆಗದೇ ಇರುವುದಷ್ಟೇ ಮೇಲಕ್ಕೆ. ಲೆಕ್ಕ ಚೆನ್ನಾಗಿದೆ. ಜನ ಮಾತ್ರ ಮೆಟ್ಟಿಲು ಹಾರ್ತಾರೆ.

ಮೆಟ್ಟಿಲು ಹಾರುವುದಕ್ಕೆ ಕಾರಣ ಇದೆ

ಮೊದಲ ಕಾರಣ ಟೈಮ್. ನಮ್ಮ ಕ್ಲಿನಿಕ್‌ಗೆ ನಿಗದಿಯಾದ ಸಮಯ ಬೆಳಗ್ಗೆ 9ರಿಂದ ಸಂಜೆ 4.30. ಟಿನ್ ಫ್ಯಾಕ್ಟರಿ ಸುತ್ತ ಬದುಕುವವರು ಯಾರು? ಬೇಕರಿ, ಹೋಟೆಲ್, ಗ್ಯಾರೇಜು, ಹಾರ್ಡ್‌ವೇರ್ ಅಂಗಡಿ ಕೆಲಸದವರು, ಮಹದೇವಪುರದ ಸೆಕ್ಯೂರಿಟಿ ಮತ್ತು ಹೌಸ್‌ಕೀಪಿಂಗ್‌ನವರು, ಮನೆಗೆಲಸದವರು, ಡೆಲಿವರಿ ಹುಡುಗರು. ಕ್ಲಿನಿಕ್ ಬಾಗಿಲು ತೆರೆದಿರುವ ಹೊತ್ತಿಗೇ ಇವರ ದುಡಿಮೆಯ ಹೊತ್ತು. ಕ್ಲಿನಿಕ್ಕಿನಲ್ಲಿ ಮಾತ್ರೆ ಬಿಟ್ಟಿ. ಆದರೆ ಅರ್ಧ ದಿನದ ಸಂಬಳ ಬಿಟ್ಟಿ ಅಲ್ಲ. ದಿನಕ್ಕೆ 700 ರೂಪಾಯಿ ಕೂಲಿ ಅಂತ ಇಟ್ಟುಕೊಂಡರೂ ಅರ್ಧ ದಿನ ಅಂದರೆ 350. ಸಂಜೆ ಏಳಕ್ಕೆ ತೆರೆದಿರುವ ಖಾಸಗಿ ಕ್ಲಿನಿಕ್ಕಿನ ಫೀಸು, ಮಾತ್ರೆ ಎರಡೂ ಸೇರಿ ಅದಕ್ಕಿಂತ ಜಾಸ್ತಿ ಆಗದಿದ್ದರೆ ಖಾಸಗಿಯೇ ಅಗ್ಗ. ಇನ್ನೂ ಅಗ್ಗ ಬೇಕಾದವರು ಮೆಡಿಕಲ್ ಶಾಪಿನ ಕೌಂಟರ್‌ನಲ್ಲಿ 'ಗ್ಯಾಸ್ಟ್ರಿಕ್‌ಗೆ ಏನಾದ್ರೂ ಕೊಡಿ' ಅಂತ ಕೇಳಿ ಮುಗಿಸ್ತಾರೆ.

ಇದು ಇಲ್ಲಿಯದಷ್ಟೇ ಅಲ್ಲ. 2017-18ರ ರಾಷ್ಟ್ರೀಯ ಮಾದರಿ ಸಮೀಕ್ಷೆಯ ಪ್ರಕಾರ ದೇಶದ ನಗರಗಳಲ್ಲಿ ಕಾಯಿಲೆಗೆ ಚಿಕಿತ್ಸೆ ಪಡೆದ ಪ್ರಕರಣಗಳಲ್ಲಿ ಸುಮಾರು ಶೇ 26ರಷ್ಟು ಮಾತ್ರ ಸರ್ಕಾರಿ ಆಸ್ಪತ್ರೆಗಳಲ್ಲಿ. ಉಳಿದದ್ದರಲ್ಲಿ ಬಹುಪಾಲು ಖಾಸಗಿ ಆಸ್ಪತ್ರೆ ಮತ್ತು ಬೀದಿ ಕ್ಲಿನಿಕ್‌ಗಳ ಪಾಲು. ಅಂದರೆ ಜನರ ಪಾಲಿಗೆ ನಿಜವಾದ 'ಪ್ರಾಥಮಿಕ ಆರೋಗ್ಯ ಕೇಂದ್ರ' ಬೀದಿ ತುದಿಯ ಡಾಕ್ಟ್ರೇ. ಸರ್ಕಾರದ ಮೆಟ್ಟಿಲಿನ ನಕ್ಷೆಯಲ್ಲಿ ಅವರು ಇಲ್ಲವೇ ಇಲ್ಲ.

ಎರಡನೇ ಕಾರಣ ಮೆಟ್ರೋ. ಬೈಯಪ್ಪನಹಳ್ಳಿಯಿಂದ ಕೆ.ಆರ್.ಪುರದವರೆಗಿನ ತುಂಡು 2023ರ ಅಕ್ಟೋಬರ್ 9ರಂದು ಶುರುವಾದ ಮೇಲೆ ಬೆನ್ನಿಗಾನಹಳ್ಳಿ ಸ್ಟೇಷನ್ನಿಂದ ಶಿವಾಜಿನಗರದ ಕಡೆಗೆ ಜಾಮ್ ಇಲ್ಲದೆ ಹೋಗಬಹುದು. ವೈಟ್‌ಫೀಲ್ಡ್ ಕಡೆಗಾದರೆ ಸತ್ಯ ಸಾಯಿ ಆಸ್ಪತ್ರೆಯ ಹೆಸರಿನ ಸ್ಟೇಷನ್ನೇ ಇದೆ. ನಕ್ಷೆಯಲ್ಲಿ ಮೂರು ಕಿಲೋಮೀಟರ್ ದೂರದ ಆಸ್ಪತ್ರೆಗೆ ಟಿನ್ ಫ್ಯಾಕ್ಟರಿ ಟ್ರಾಫಿಕ್ ದಾಟಿ ಆಟೋದಲ್ಲಿ ಹೋಗುವುದಕ್ಕಿಂತ ಹತ್ತು ಕಿಲೋಮೀಟರ್ ದೂರದ್ದಕ್ಕೆ ಮೆಟ್ರೋದಲ್ಲಿ ಹೋಗೋದೇ ಸಲೀಸು. ರಸ್ತೆ ಸುಲಭವಾದ ಕಡೆಗೆ ಬೇಡಿಕೆಯೂ ಹರಿಯುತ್ತದೆ.

ಮೂರನೆಯದು ನಂಬಿಕೆ. ಒಮ್ಮೆ ಹೋದಾಗ ಡಾಕ್ಟ್ರು ರಜೆ, ಇನ್ನೊಮ್ಮೆ ಮಾತ್ರೆ ಸ್ಟಾಕ್ ಇಲ್ಲ ಅಂದರೆ ಮೂರನೇ ಸಲ ಯಾರೂ ಹೋಗಲ್ಲ. ಒಬ್ಬರೇ ಡಾಕ್ಟ್ರು ಇರುವ ಕಡೆ ಅವರು ಮೀಟಿಂಗಿಗೆ ಹೋದರೂ ಕ್ಲಿನಿಕ್ ಮುಚ್ಚಿದ ಹಾಗೇ.

ಡಾಕ್ಟ್ರು ಯಾಕೆ ಚೀಟಿ ಬರೀತಾರೆ?

'ಕೈ ತೊಳೆದುಕೊಂಡ್ರು' ಅನ್ನೋದು ಜನರ ಮಾತು. ಅಷ್ಟು ಸುಲಭದ ವಿಷಯ ಅದಲ್ಲ.

ಎದೆನೋವು ಅಂತ ಬಂದ 45 ವರ್ಷದವರನ್ನು ಅಂದಾಜು ಮಾಡಿಕೊಳ್ಳಿ. ನೂರರಲ್ಲಿ ಬಹಳಷ್ಟು ಜನಕ್ಕೆ ಅದು ಗ್ಯಾಸ್ ಅಥವಾ ಸ್ನಾಯು ಸೆಳೆತ ಇರಬಹುದು. ಆದರೆ ಯಾರಿಗೆ ಅಲ್ಲ ಅಂತ ಹೇಳಲು ಇಸಿಜಿ ಬೇಕು, ಕೆಲವೊಮ್ಮೆ ರಕ್ತ ಪರೀಕ್ಷೆ ಬೇಕು. ಅವೆರಡೂ ಕೈಗೆ ಸಿಗದಿದ್ದರೆ ಕಳಿಸುವುದೇ ಸರಿ. ಇಟ್ಟುಕೊಂಡು ಏನಾದರೂ ಆದರೆ ಡಾಕ್ಟ್ರ ಮೇಲೆ ಕೇಸು, ಗಲಾಟೆ. ಕಳಿಸಿ ಏನೂ ಆಗದಿದ್ದರೆ ಯಾರೂ ಕೇಳಲ್ಲ. ಕಳಿಸಿದ ತಪ್ಪಿನ ಖರ್ಚು ರೋಗಿಯದು, ಇಟ್ಟುಕೊಂಡ ತಪ್ಪಿನ ಖರ್ಚು ವೈದ್ಯರದು. ಹೀಗಿದ್ದಾಗ ಪೆನ್ನು ಯಾವ ಕಡೆ ಓಡುತ್ತದೆ ಅಂತ ಬಿಡಿಸಿ ಹೇಳಬೇಕಿಲ್ಲ.

ಕೆಲವು ಸಲ ಚೀಟಿ ಕೇಳಿ ಪಡೆಯುವವರು ರೋಗಿಗಳೇ. 'ಸ್ಕ್ಯಾನಿಂಗ್ ಬರ್‍ಕೊಡಿ ಸಾರ್', 'ದೊಡ್ಡಾಸ್ಪತ್ರೆಗೆ ಬರ್‍ದುಬಿಡಿ' ಅಂತ ಕೇಳುವವರು ಕಮ್ಮಿ ಇಲ್ಲ. ಬೇಡ ಅಂದರೆ 'ಈ ಡಾಕ್ಟ್ರಿಗೆ ಗೊತ್ತಾಗಲ್ಲ' ಅನ್ನುವ ಹೆಸರು. ಒಬ್ಬೊಬ್ಬರಿಗೆ ಎರಡು ಮೂರು ನಿಮಿಷ ಸಿಗುವ ಓಪಿಡಿಯಲ್ಲಿ 'ಬೇಡ' ಅಂತ ಹತ್ತು ನಿಮಿಷ ವಿವರಿಸುವುದಕ್ಕಿಂತ ಬರೆದುಕೊಡುವುದೇ ಸುಲಭ.

ಬೇಡಿಕೆ ಭಯದಿಂದಲೂ ಹುಟ್ಟುತ್ತದೆ. 2025ರ ಜೂನ್, ಜುಲೈನಲ್ಲಿ ಹಾಸನ ಜಿಲ್ಲೆಯಲ್ಲಿ ಚಿಕ್ಕ ವಯಸ್ಸಿನವರ ಹೃದಯಾಘಾತದ ಸಾವಿನ ಸುದ್ದಿ ಸಾಲು ಸಾಲಾಗಿ ಬಂದಾಗ ಬೆಂಗಳೂರು ಮತ್ತು ಮೈಸೂರಿನ ಜಯದೇವ ಆಸ್ಪತ್ರೆಗಳಿಗೆ ಜನ ಮುಗಿಬಿದ್ದರು. ಏನೂ ಲಕ್ಷಣ ಇಲ್ಲದವರೂ ಚೆಕಪ್‌ಗೆ ಬಂದು ನಿಂತರು. ಗಾಬರಿ ಬೇಡ, ಹತ್ತಿರದ ಆಸ್ಪತ್ರೆಯಲ್ಲೇ ಪರೀಕ್ಷೆ ಮಾಡಿಸಿ ಅಂತ ವೈದ್ಯರು ಮನವಿ ಮಾಡಬೇಕಾಯಿತು. ಆಮೇಲೆ ಸರ್ಕಾರದ ತಜ್ಞರ ಸಮಿತಿ ಹೃದಯಾಘಾತದ ಸಾವು ಅಸಹಜವಾಗಿ ಏರಿಲ್ಲ ಅಂತ ವರದಿ ಕೊಟ್ಟಿತು. ಸುದ್ದಿ ತಣ್ಣಗಾಯಿತು. ಆದರೆ ಆ ಕ್ಯೂನಲ್ಲಿ ನಿಜವಾದ ಹೃದ್ರೋಗಿಯೂ ಅದೇ ಗಾಬರಿ ಜನರ ಹಿಂದೆ ನಿಲ್ಲಬೇಕಾಯಿತು ಅನ್ನುವುದನ್ನು ಮರೆಯುವಂತಿಲ್ಲ.

ಕಾರ್ಡಿಗೂ ಚೀಟಿ ಬೇಕು

ಇನ್ನೊಂದು ದೊಡ್ಡ ಕಾರಣ ಹಣದ್ದು. ಬಹಳ ಜನ ಎಡವುವುದು ಇಲ್ಲೇ.

ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕ ಯೋಜನೆ 2018ರ ಅಕ್ಟೋಬರ್ 30ರಿಂದ ಜಾರಿಯಲ್ಲಿದೆ. ನಡೆಸುವುದು ಸುವರ್ಣ ಆರೋಗ್ಯ ಸುರಕ್ಷಾ ಟ್ರಸ್ಟ್. ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂ.ವರೆಗೆ ಉಚಿತ. ಎಪಿಎಲ್ ಕುಟುಂಬಕ್ಕೆ ಸರ್ಕಾರ ನಿಗದಿ ಮಾಡಿದ ಪ್ಯಾಕೇಜ್ ದರದ ಶೇ 30 ಮಾತ್ರ, ಅದೂ ವರ್ಷಕ್ಕೆ 1.5 ಲಕ್ಷದ ಮಿತಿಯಲ್ಲಿ.

ಕಾರ್ಡ್ ಇದ್ದರೆ ಯಾವ ಪ್ರೈವೇಟ್ ಆಸ್ಪತ್ರೆಗೆ ಬೇಕಾದರೂ ನೇರ ಹೋಗಬಹುದು ಅಂತ ತುಂಬಾ ಜನ ಅಂದುಕೊಂಡಿದ್ದಾರೆ. ಹಾಗಿಲ್ಲ. ಸಾಮಾನ್ಯ ಚಿಕಿತ್ಸೆಗಳನ್ನು ಸರ್ಕಾರಿ ಆಸ್ಪತ್ರೆಯಲ್ಲೇ ಪಡೆಯಬೇಕು. ಕ್ಲಿಷ್ಟವಾದದ್ದು ಅಲ್ಲಿ ಆಗುವುದಿಲ್ಲ ಅಂತಾದರೆ ಸರ್ಕಾರಿ ಆಸ್ಪತ್ರೆ ರೆಫರಲ್ ಕೊಟ್ಟ ಮೇಲೆ ನೋಂದಾಯಿತ ಖಾಸಗಿ ಆಸ್ಪತ್ರೆಗೆ ಹೋಗಬಹುದು. ಬೀದಿ ಕ್ಲಿನಿಕ್ ಡಾಕ್ಟ್ರ ಚೀಟಿ ಇದಕ್ಕೆ ನಡೆಯಲ್ಲ. ರೆಫರಲ್ ಇಲ್ಲದೆ ನೇರ ದಾಖಲಾಗಲು ಅವಕಾಶ ಇರುವುದು ತುರ್ತು ಚಿಕಿತ್ಸೆಗಳಿಗೆ ಮಾತ್ರ. ಯೋಜನೆಯ ಸುಮಾರು 1,650 ಚಿಕಿತ್ಸೆಗಳಲ್ಲಿ ತುರ್ತು ಪಟ್ಟಿಯಲ್ಲಿರುವುದು ಸುಮಾರು 170.

ನಿಯಮದ ಉದ್ದೇಶ ಸರಿಯೇ. ಸರ್ಕಾರಿ ಆಸ್ಪತ್ರೆಯಲ್ಲೇ ಆಗುವ ಆಪರೇಷನ್‌ಗೆ ಸರ್ಕಾರದ ದುಡ್ಡು ಖಾಸಗಿಗೆ ಹೋಗಬಾರದು. ಆದರೆ ಇದರಿಂದ ಇನ್ನೊಂದು ಕ್ಯೂ ಹುಟ್ಟಿಕೊಂಡಿದೆ. ಖಾಸಗಿಯಲ್ಲಿ ತೋರಿಸಿ, ಸ್ಕ್ಯಾನಿಂಗ್ ಮಾಡಿಸಿ, ಆಪರೇಷನ್ ಬೇಕು ಅಂತ ಗೊತ್ತಾದವರು ಚೀಟಿಗಾಗಿಯೇ ಸರ್ಕಾರಿ ಆಸ್ಪತ್ರೆಗೆ ಬಂದು ನಿಲ್ತಾರೆ. ಅವರಿಗೆ ಬೇಕಾದದ್ದು ಚಿಕಿತ್ಸೆ ಅಲ್ಲ, ಸೀಲು. ಸರ್ಕಾರಿ ವೈದ್ಯರು ಮೊದಲಿಂದ ಪರೀಕ್ಷೆ ಮಾಡದೆ ಸೀಲು ಹಾಕುವಂತಿಲ್ಲ. ಇವರೂ ಕಾಯ್ತಾರೆ, ನಿಜವಾಗಿ ಚಿಕಿತ್ಸೆಗೆ ಬಂದವರೂ ಇವರ ಹಿಂದೆ ಕಾಯ್ತಾರೆ.

ವ್ಯಾಪಾರಿಗಳಿಗೆ ಇದರ ಬಿಸಿ ಬೇರೆ ಥರ. ಸಣ್ಣ ಅಂಗಡಿ ಇಟ್ಟವರಲ್ಲಿ ಎಪಿಎಲ್ ಕಾರ್ಡ್‌ದಾರರು ಬಹಳ. ಪ್ಯಾಕೇಜ್ ದರ ಒಂದು ಲಕ್ಷ ಇದ್ದರೆ ಸರ್ಕಾರ ಕೊಡುವುದು 30 ಸಾವಿರ, ಉಳಿದ 70 ಸಾವಿರ ಗಲ್ಲಾಪೆಟ್ಟಿಗೆಯಿಂದಲೇ ಹೋಗಬೇಕು. 2024ರ ನವೆಂಬರ್‌ನಲ್ಲಿ ಬಿಪಿಎಲ್ ಕಾರ್ಡ್ ರದ್ದತಿಯ ಗದ್ದಲ ಎದ್ದಾಗ ಜನ ಅಕ್ಕಿಗಿಂತ ಆಸ್ಪತ್ರೆಗೆ ಹೆದರಿದ್ದು ಇದಕ್ಕೇ. ಆಗ ಆದಾಯ ತೆರಿಗೆ ಕಟ್ಟುವವರು ಮತ್ತು ಸರ್ಕಾರಿ ನೌಕರರನ್ನು ಬಿಟ್ಟು ಉಳಿದವರ ಕಾರ್ಡ್ ವಾಪಸ್ ಕೊಡುವುದಾಗಿ ಸರ್ಕಾರ ಹೇಳಬೇಕಾಯಿತು.

ಅಂಗಡಿ, ಹೋಟೆಲಿನಲ್ಲಿ ಹತ್ತು ಅಥವಾ ಹೆಚ್ಚು ಜನ ಕೆಲಸಕ್ಕಿದ್ದರೆ ಇಎಸ್‌ಐ ಲೆಕ್ಕ ಬೇರೆ. ತಿಂಗಳಿಗೆ 21 ಸಾವಿರದವರೆಗೆ ಸಂಬಳ ಇರುವವರು ಇದರಡಿ ಬರ್ತಾರೆ. ನೌಕರನ ಪಾಲು ಶೇ 0.75, ಮಾಲೀಕರದ್ದು ಶೇ 3.25. ಡಿಸ್ಪೆನ್ಸರಿ, ಅಲ್ಲಿಂದ ಇಂದಿರಾನಗರ ಇಎಸ್‌ಐ ಆಸ್ಪತ್ರೆ, ಅದಕ್ಕೂ ಮೇಲೆ ರಾಜಾಜಿನಗರ. ಇಲ್ಲೂ ಚೀಟಿಯದ್ದೇ ದಾರಿ, ಆದರೆ ದಾರಿ ಒಂದೇ ಇಲಾಖೆಯೊಳಗೆ ಸಾಗುತ್ತದೆ.

ಕಮಿಷನ್ ಅನ್ನೋ ಮಾತು

ರೆಫರಲ್ ಅಂದಾಕ್ಷಣ ಜನ ಕೇಳುವ ಪ್ರಶ್ನೆ: ಡಾಕ್ಟ್ರಿಗೆ ಎಷ್ಟು ಸಿಗುತ್ತೆ? ಎಲ್ಲರ ಮೇಲೂ ಈ ಮಾತು ಹೊರಿಸುವುದು ಅನ್ಯಾಯ. ಆದರೆ ಗಾಳಿಮಾತು ಅಂತ ತಳ್ಳಿಹಾಕುವ ಹಾಗೂ ಇಲ್ಲ. 2017ರ ಡಿಸೆಂಬರ್‌ನಲ್ಲಿ ಬೆಂಗಳೂರಿನ ಕೆಲವು ಡಯಾಗ್ನೋಸ್ಟಿಕ್ ಕೇಂದ್ರಗಳು ಮತ್ತು ಐವಿಎಫ್ ಕ್ಲಿನಿಕ್‌ಗಳ ಮೇಲಿನ ದಾಳಿಯ ಬಳಿಕ ಆದಾಯ ತೆರಿಗೆ ಇಲಾಖೆಯೇ ವಿವರ ಕೊಟ್ಟಿತು. ಎಂಆರ್‌ಐಗೆ ಕಳಿಸಿದ ವೈದ್ಯರಿಗೆ ಶೇ 35, ಸಿಟಿ ಸ್ಕ್ಯಾನ್ ಮತ್ತು ಲ್ಯಾಬ್ ಪರೀಕ್ಷೆಗೆ ಶೇ 20ರಷ್ಟು ಕಮಿಷನ್ ಹೋಗುತ್ತಿತ್ತು ಅನ್ನುವುದು ಇಲಾಖೆಯ ಹೇಳಿಕೆ.

ಇದು ಕಾನೂನುಬಾಹಿರ. ವೈದ್ಯರ ನಡವಳಿಕೆ ಕುರಿತ 2002ರ ನಿಯಮಾವಳಿ ರೋಗಿಯನ್ನು ಕಳಿಸಿದ್ದಕ್ಕೆ ಕಮಿಷನ್ ಕೊಡುವುದನ್ನೂ ಪಡೆಯುವುದನ್ನೂ ನಿಷೇಧಿಸುತ್ತದೆ. ಬಿಲ್ಲಿನಲ್ಲಿ ಕಮಿಷನ್ ಅಂತ ಸಾಲು ಇರುವುದಿಲ್ಲ, ಸ್ಕ್ಯಾನಿಂಗ್ ದರದೊಳಗೇ ಸೇರಿರುತ್ತದೆ. ಎಲ್ಲಿಗೆ ಬೇಕಾದರೂ ಹೋಗಿ ಮಾಡಿಸುವ ಹಕ್ಕು ರೋಗಿಯದ್ದೇ. 'ಇಂಥ ಕಡೆಯೇ ಮಾಡಿಸಿ' ಅಂತ ಒತ್ತಾಯ ಬಂದರೆ ಇನ್ನೆರಡು ಕಡೆ ದರ ಕೇಳುವುದರಲ್ಲಿ ತಪ್ಪಿಲ್ಲ.

ಹೋದ ಚೀಟಿ ವಾಪಸ್ ಬರಲ್ಲ

ಎಲ್ಲಕ್ಕಿಂತ ದೊಡ್ಡ ತೊಡಕು ಇದು. ಬೌರಿಂಗ್‌ನಲ್ಲೋ ಜಯದೇವದಲ್ಲೋ ಏನಾಯಿತು ಅಂತ ಕಳಿಸಿದ ಡಾಕ್ಟ್ರಿಗೆ ಗೊತ್ತೇ ಆಗುವುದಿಲ್ಲ. ಕಳಿಸಿದ್ದು ಸರಿಯಾಗಿತ್ತಾ, ಇಲ್ಲೇ ನೋಡಬಹುದಿತ್ತಾ, ಮುಂದೆ ಯಾವ ಮಾತ್ರೆ, ಯಾವುದಕ್ಕೂ ಉತ್ತರ ಇಲ್ಲ. ಹಾಗಾಗಿ ರೋಗಿ ಬಿಪಿ ಮಾತ್ರೆಯ ಡೋಸ್ ಬದಲಿಸಲೂ ಮತ್ತೆ ಮೇಲಕ್ಕೇ ಹೋಗ್ತಾನೆ. ಶುಗರ್‌ನ ಕಾಲುಗಾಯ ಇರುವವರಿಗೆ ಇದು ಜೀವದ ಪ್ರಶ್ನೆ. ದಿನ ಬಿಟ್ಟು ದಿನ ಡ್ರೆಸ್ಸಿಂಗ್ ಬೇಕು. ಅದಕ್ಕೆ ಶಿವಾಜಿನಗರಕ್ಕೆ ಹೋಗಲಾರದೆ ಬಿಟ್ಟುಬಿಟ್ಟರೆ ಒಂದು ಬೆರಳಿನ ಗಾಯ ಕಾಲಿಗೇ ಬರುತ್ತದೆ. ಮನೆ ಹತ್ತಿರ ಡ್ರೆಸ್ಸಿಂಗ್ ಮಾಡಬಹುದು ಅಂತ ಒಂದು ಸಾಲು ಬರೆದು ಕಳಿಸಿದ್ದರೆ ತಪ್ಪಿಸಬಹುದಿತ್ತು.

ಬ್ರಿಟನ್‌ನಲ್ಲಿ ಮನೆ ಹತ್ತಿರದ ಡಾಕ್ಟ್ರು ಬರೆಯದೆ ತುರ್ತಲ್ಲದ ಕಾಯಿಲೆಗೆ ತಜ್ಞರ ಭೇಟಿ ಸಿಗುವುದು ಕಷ್ಟ. ತಜ್ಞರು ನೋಡಿದ ಮೇಲೆ ಆ ಡಾಕ್ಟ್ರಿಗೆ ಪತ್ರ ವಾಪಸ್ ಬರುತ್ತದೆ. ಅಲ್ಲೂ ಕಾಯುವವರ ಪಟ್ಟಿ 70 ಲಕ್ಷ ದಾಟಿದೆ, ಅದು ಸ್ವರ್ಗ ಅಲ್ಲ. ಆದರೆ ಪತ್ರ ಎರಡೂ ಕಡೆ ಓಡಾಡುತ್ತದೆ.

ನಮ್ಮಲ್ಲೂ ಒಂದು ಒಳ್ಳೆಯ ಉದಾಹರಣೆ ಇದೆ. ಡಾ. ಪುನೀತ್ ರಾಜ್‌ಕುಮಾರ್ ಹೃದಯ ಜ್ಯೋತಿ ಯೋಜನೆಯಲ್ಲಿ ಎದೆನೋವಿನಿಂದ ತಾಲೂಕು ಆಸ್ಪತ್ರೆಗೆ ಬಂದವರ ಇಸಿಜಿ ಜಯದೇವದಂಥ ಆಸ್ಪತ್ರೆಯ ತಜ್ಞರಿಗೆ ಆನ್‌ಲೈನ್‌ನಲ್ಲಿ ಹೋಗುತ್ತದೆ. ಹೃದಯಾಘಾತ ಅಂತ ಖಚಿತವಾದರೆ ಹೊರಗೆ ಹತ್ತಾರು ಸಾವಿರ ರೂಪಾಯಿ ಬೆಲೆ ಬಾಳುವ, ರಕ್ತದ ಹೆಪ್ಪು ಕರಗಿಸುವ ಇಂಜೆಕ್ಷನ್ ಅಲ್ಲೇ ಉಚಿತವಾಗಿ ಹಾಕ್ತಾರೆ. ಆಮೇಲೆ ಕಳಿಸ್ತಾರೆ. ಇಲ್ಲಿ ಮೊದಲು ಓಡುವುದು ರೋಗಿಯಲ್ಲ, ರಿಪೋರ್ಟ್. ಹೃದಯಕ್ಕೆ ಮಾಡಿದ್ದನ್ನು ಶುಗರ್ ಗಾಯಕ್ಕೆ, ಗರ್ಭಿಣಿಯರ ಸ್ಕ್ಯಾನಿಂಗ್‌ಗೆ ಮಾಡಲು ಆಗದೇ ಇರುವಂಥದ್ದು ಏನೂ ಇಲ್ಲ.

ಐದು ಪಾಲಿಕೆ, ಹಲವು ಯಜಮಾನರು

2025ರ ಸೆಪ್ಟೆಂಬರ್ 2ರಿಂದ ಬಿಬಿಎಂಪಿ ಜಾಗದಲ್ಲಿ ಐದು ಪಾಲಿಕೆ ಬಂದಿವೆ. ವಿಜಿನಾಪುರ ಇರುವ ಕೆ.ಆರ್.ಪುರ ಕ್ಷೇತ್ರದ ಕಡೆ ಪೂರ್ವ ಪಾಲಿಕೆ, ಬೆನ್ನಿಗಾನಹಳ್ಳಿ ಇರುವ ಸಿ.ವಿ.ರಾಮನ್ ನಗರ ಕ್ಷೇತ್ರದ ಕಡೆ ಕೇಂದ್ರ ಪಾಲಿಕೆ. ಟಿನ್ ಫ್ಯಾಕ್ಟರಿ ಇವೆರಡರ ಗಡಿ ಸೀಮೆ.

ಈಗ ಲೆಕ್ಕ ಹಾಕಿ. ನಗರದ ಮೊದಲ ಮೆಟ್ಟಿಲಿನ ಕ್ಲಿನಿಕ್ ಪಾಲಿಕೆ ಕಡೆಗೆ, ಅದೂ ಜಂಕ್ಷನ್‌ನ ಆಚೆಗೊಂದು ಈಚೆಗೊಂದು. ಕೆ.ಆರ್.ಪುರ, ಸಿ.ವಿ.ರಾಮನ್ ಆಸ್ಪತ್ರೆಗಳು ಆರೋಗ್ಯ ಇಲಾಖೆಗೆ. ಬೌರಿಂಗ್ ವೈದ್ಯಕೀಯ ಶಿಕ್ಷಣ ಇಲಾಖೆಗೆ. ಇಎಸ್‌ಐ ಕಾರ್ಮಿಕ ಇಲಾಖೆಗೆ. ಒಬ್ಬನೇ ರೋಗಿ ಒಂದು ವಾರದಲ್ಲಿ ಮೂವರು ಯಜಮಾನರ ಬಾಗಿಲು ತಟ್ತಾನೆ. ಅವರ ನಡುವೆ ಮಾಹಿತಿ ಹೊತ್ತು ತಿರುಗುವುದು ಅವನ ಕೈಯ ಪ್ಲಾಸ್ಟಿಕ್ ಕವರ್ ಒಂದೇ.

ಪಾಲಿಕೆ ಎಷ್ಟಾದರೂ ಆಗಲಿ, ಕೆಲಸ ಮಾಡಬೇಕಾದದ್ದು ನಾಲ್ಕು. ಕಾರ್ಮಿಕರು ಹೆಚ್ಚಿರುವ ವಾರ್ಡ್‌ಗಳಲ್ಲಿ ಕ್ಲಿನಿಕ್ ರಾತ್ರಿ ಎಂಟರವರೆಗೆ ತೆರೆದಿರಬೇಕು. ಯಾವ ಆಸ್ಪತ್ರೆಯಲ್ಲಿ ಯಾವ ವಾರ ಯಾವ ತಜ್ಞರು ಇರ್ತಾರೆ ಅನ್ನುವ ಪಟ್ಟಿ ಕ್ಲಿನಿಕ್ ಗೋಡೆ ಮೇಲೆ ಇರಬೇಕು. ಕಳಿಸುವ ಮುಂಚೆ ಅಲ್ಲಿಗೆ ಒಂದು ಫೋನ್ ಹೋಗಬೇಕು. ಮೇಲಿಂದ ಕೆಳಕ್ಕೆ ಬರುವ ಚೀಟಿಗೂ ಮೇಲಕ್ಕೆ ಹೋಗುವ ಚೀಟಿಯಷ್ಟೇ ಬೆಲೆ ಇರಬೇಕು. ಇದಕ್ಕೆ ಹೊಸ ಕಟ್ಟಡ ಬೇಕಿಲ್ಲ.

ಚೀಟಿ ಕೈಗೆ ಬಂದಾಗ ಕೇಳಿ

ಅಲ್ಲಿಯವರೆಗೆ ಜನರ ಕೈಯಲ್ಲಿರುವುದು ಪ್ರಶ್ನೆ ಮಾತ್ರ. ರೆಫರಲ್ ಬರೆದಾಗ ಇಷ್ಟನ್ನು ಕೇಳಿ ತಿಳಿದುಕೊಂಡರೆ ಒಂದಾದರೂ ಓಡಾಟ ಉಳಿಯುತ್ತದೆ:

– ಇವತ್ತೇ ಹೋಗಬೇಕಾ, ವಾರದೊಳಗೆ ಹೋದರೆ ಸಾಕಾ? ತುರ್ತು ಅಂದರೆ ಬಸ್ಸು, ಮೆಟ್ರೋ ಬೇಡ, 108ಕ್ಕೆ ಕರೆ ಮಾಡಿ.

– ಯಾವ ವಿಭಾಗ, ಓಪಿಡಿ ಯಾವ ದಿನ? ಆಸ್ಪತ್ರೆ ಹೆಸರು ಮಾತ್ರ ಸಾಲದು.

– ಯಾವ ಅನುಮಾನದ ಮೇಲೆ ಕಳಿಸ್ತಿದ್ದೀರಿ, ಇಲ್ಲಿ ಕೊಟ್ಟ ಮಾತ್ರೆ ಯಾವುದು ಅಂತ ಚೀಟಿಯಲ್ಲಿ ಬರೆದಿದೆಯಾ?

– ಆರೋಗ್ಯ ಕರ್ನಾಟಕ ಕಾರ್ಡ್ ಬಳಸುವುದಾದರೆ ಸರ್ಕಾರಿ ಆಸ್ಪತ್ರೆಯ ರೆಫರಲ್ ಮೊದಲೇ ಆಗಬೇಕಾ? ಖಾಸಗಿಗೆ ಅಡ್ವಾನ್ಸ್ ಕಟ್ಟಿದ ಮೇಲೆ ಕೇಳಿದರೆ ತಡವಾಯಿತು.

– ಅಲ್ಲಿ ತೋರಿಸಿದ ಮೇಲೆ ಮುಂದಿನ ಡ್ರೆಸ್ಸಿಂಗ್, ಇಂಜೆಕ್ಷನ್, ಬಿಪಿ ನೋಡಿಸೋದು ಮನೆ ಹತ್ತಿರವೇ ಆಗುತ್ತಾ? ಆಗುತ್ತೆ ಅಂದರೆ ದೊಡ್ಡಾಸ್ಪತ್ರೆಯಲ್ಲೇ ಬರೆಸಿಕೊಂಡು ಬನ್ನಿ, ಆ ಕಾಗದವನ್ನು ಕಳಿಸಿದ ಡಾಕ್ಟ್ರಿಗೆ ತೋರಿಸಿ.

ಅಪಘಾತ, ಪ್ರಾಣಾಪಾಯದ ಸಮಯದಲ್ಲಿ ಚೀಟಿ, ಕಾರ್ಡ್, ಅಡ್ವಾನ್ಸ್ ಯಾವುದನ್ನೂ ನೆಪ ಮಾಡುವಂತಿಲ್ಲ. ಸರ್ಕಾರಿ ಇರಲಿ, ಖಾಸಗಿ ಇರಲಿ, ಮೊದಲು ಜೀವ ಉಳಿಸುವ ಚಿಕಿತ್ಸೆ ಕೊಡುವುದು ವೈದ್ಯರ ಕರ್ತವ್ಯ ಅಂತ ಸುಪ್ರೀಂ ಕೋರ್ಟ್ 1989ರಲ್ಲೇ ಪರಮಾನಂದ ಕಟಾರ ಪ್ರಕರಣದಲ್ಲಿ ಹೇಳಿದೆ. ಈ ಒಂದು ಸಾಲು ಅಂಗಡಿ ಮಾಲೀಕರಿಗೂ ಕೆಲಸದವರಿಗೂ ಗೊತ್ತಿರಲಿ.